ಮೂರನೆಯವನ ಸರದಿ

ಐಟಿಯಲ್ಲಿ ಕೆಲಸ ಮಾಡೋರಿಗೆ ‘ಬೆಂಚ್’ ಅಂದರೆ ಏನು ಅಂತ ಬಿಡಿಸಿ ಹೇಳಬೇಕಿಲ್ಲ. ಪ್ರಾಜೆಕ್ಟ್ ಇರಲ್ಲ, ಸಂಬಳ ಬರ್ತಿರುತ್ತೆ. ಬೆಳಗ್ಗೆ ಬಂದು ಐಡಿ ಕಾರ್ಡ್ ಸ್ವೈಪ್ ಮಾಡಿ, ಯಾರೂ ಕೇಳದ ಆನ್‌ಲೈನ್ ಟ್ರೈನಿಂಗ್ ನೋಡ್ತಾ ಕೂತು, ಮಧ್ಯಾಹ್ನ ಎಲ್ಲರಿಗಿಂತ ಮೊದಲು ಕೆಫೆಟೇರಿಯಾ ತಲುಪೋದು. ಮೊದಲ ವಾರ ಮಜಾ. ಎರಡನೇ ತಿಂಗಳಿಗೆ ಎಚ್ಆರ್ ಕಡೆಯಿಂದ ಮೇಲ್ ಬಂದರೆ ಎದೆ ಧಸಕ್ ಅನ್ನುತ್ತೆ. ಇದನ್ನ ಒಮ್ಮೆ ಅಪ್ಪನಿಗೆ ವಿವರಿಸೋಕೆ ಹೋಗಿ ಸೋತಿದ್ದೆ. “ಕೆಲ್ಸ ಮಾಡ್ದಿದ್ರೂ ಸಂಬ್ಳ ಕೊಡ್ತಾರಾ? ಮತ್ಯಾಕ್ಲಾ ಮುಖ ಸಪ್ಪಗ್ ಮಾಡ್ಕಂಡಿದೀಯ?” ಅಂದಿದ್ರು. ತೆಂಗಿನ ತೋಟ ಇಟ್ಟುಕೊಂಡು ಜೀವನ ಮಾಡಿದವರಿಗೆ ಕೆಲಸ ಇಲ್ಲದೆ ದುಡ್ಡು ಬರೋದಕ್ಕಿಂತ ದೊಡ್ಡ ಸುಖ ಇನ್ನೇನಿರುತ್ತೆ ಹೇಳಿ.

ಬೆಂಚಿಗೆ ಬೇರೊಂದು ಅರ್ಥವೂ ಇದೆ ಅಂತ ನನಗೆ ಗೊತ್ತಾದದ್ದು 2014ರಲ್ಲಿ, ಅಮೆರಿಕದ ಒಹಾಯೊ ರಾಜ್ಯದ ಕೊಲಂಬಸ್‌ನಲ್ಲಿ, ಅಲ್ಲಿನ ಯೂನಿವರ್ಸಿಟಿಯ ಫುಟ್‌ಬಾಲ್ ಟೀಮಿನಿಂದ.

ನಾನು ಅಲ್ಲಿಗೆ ಹೋದದ್ದೇ ಮೂರನೆಯವನಾಗಿ. ಆ ಆನ್‌ಸೈಟ್ ಅವಕಾಶಕ್ಕೆ ಮೊದಲ ಹೆಸರು ನಮ್ಮ ಟೀಮ್ ಲೀಡ್‌ದು. ಆತ ಬೇರೆ ಕಂಪನಿಯ ಆಫರ್ ಹಿಡಿದು ಪೇಪರ್ ಹಾಕಿದ. ಎರಡನೆಯದು ನನ್ನ ಪಕ್ಕದ ಕ್ಯೂಬಿಕಲ್‌ನಲ್ಲಿ ಕೂರುತ್ತಿದ್ದ ಗೆಳೆಯನದು. ನನಗಿಂತ ಎರಡು ವರ್ಷ ಸೀನಿಯರ್, ಆ ಅಪ್ಲಿಕೇಶನ್ನಿನ ಮೂಲೆ ಮೂಲೆ ಗೊತ್ತಿದ್ದವನು. ಸೂಟ್‌ಕೇಸ್ ಕೊಂಡಾಗಿತ್ತು. ಹೆಂಡತಿ ಮನೆಯವರು ಚಟ್ನಿಪುಡಿ, ಹುಳಿಪುಡಿ ಕಟ್ಟಿಕೊಟ್ಟಾಗಿತ್ತು. ವೀಸಾ ಇಂಟರ್‌ವ್ಯೂಗೆ ಹೋದವನು ರಿಜೆಕ್ಟ್ ಆಗಿ ಹೊರಗೆ ಬಂದ. ಎರಡು ವಾರದ ಮೇಲೆ ನನ್ನನ್ನ ಕಳಿಸಿದರು. ನನಗೆ ಎರಡೇ ಪ್ರಶ್ನೆ, ವೀಸಾ ಆಯ್ತು. ಚಟ್ನಿಪುಡಿ ಡಬ್ಬ ಅವನು ನನಗೇ ಕೊಟ್ಟ. ನಾನು ಅವನ ಜಾಗಕ್ಕೆ ಹೋದೆ. ಅವನು ಬೆಂಗಳೂರಲ್ಲಿ ರಾತ್ರಿ ಹನ್ನೊಂದರವರೆಗೆ ಕಾಲ್‌ನಲ್ಲಿ ಕೂತು ನನಗೆ ಕೆಲಸ ಹೇಳಿಕೊಟ್ಟ.

ಕೊಲಂಬಸ್‌ಗೆ ಇಳಿದಾಗ ಜುಲೈ ಕೊನೆ. ಊರಿಗೆ ಊರೇ ಕೆಂಪು ಮತ್ತು ಬೂದು ಬಣ್ಣ. ಅಂಗಡಿ ಬಾಗಿಲಲ್ಲಿ, ಕಾರಿನ ಹಿಂದೆ, ಮಗುವಿನ ಟೋಪಿ ಮೇಲೆ, ನಾಯಿಯ ಕೊರಳ ಪಟ್ಟಿಯಲ್ಲೂ ಅದೇ. ಸೂಪರ್‌ಮಾರ್ಕೆಟ್ಟಿನ ಕ್ಯೂನಲ್ಲಿ ನಿಂತಿದ್ದಾಗ ಹಿಂದಿನಿಂದ ಒಬ್ಬಾತ ಇದ್ದಕ್ಕಿದ್ದಂತೆ “ಓ-ಎಚ್!” ಅಂತ ಕೂಗಿದ. ಯಾರಿಗೋ ಏನೋ ಆಯ್ತು ಅಂತ ನಾನು ತಿರುಗಿ ನೋಡೋಷ್ಟರಲ್ಲಿ ಕ್ಯಾಶ್ ಕೌಂಟರಿನ ಹೆಂಗಸು ತಲೆ ಎತ್ತದೇ “ಐ-ಓ!” ಅಂದಳು. ಒಬ್ಬರು ಮೊದಲರ್ಧ ಕೂಗಿದರೆ ಇನ್ನೊಬ್ಬರು ಉಳಿದರ್ಧ ಕೂಗಲೇಬೇಕು, ಅದು ಅಲ್ಲಿನ ಸಂಪ್ರದಾಯ. ಜಾತ್ರೆಯಲ್ಲಿ ಒಬ್ಬ ‘ಹರಹರ’ ಅಂದರೆ ಉಳಿದವರು ‘ಮಹಾದೇವ’ ಅನ್ನಲ್ವಾ, ಹಾಗೆ.

ಕಾಲೇಜು ಟೀಮು ಅಂದ ತಕ್ಷಣ ನಮ್ಮ ಎಂಜಿನಿಯರಿಂಗ್ ಕಾಲೇಜುಗಳ ಮ್ಯಾಚ್ ನೆನಪಿಸಿಕೊಳ್ಳಬೇಡಿ. ನಾನು ಬಿಇ ಮಾಡುವಾಗ ನಮ್ಮ ಕಾಲೇಜಿನ ಪಂದ್ಯಕ್ಕೆ ಇರ್ತಿದ್ದ ಪ್ರೇಕ್ಷಕರು ಅಂದರೆ ಪಿಟಿ ಸರ್, ಅಟೆಂಡೆನ್ಸ್ ಕೇಳೋಕೆ ಬಂದ ನಾಲ್ಕು ಜನ, ಮೈದಾನದ ಖಾಯಂ ನಾಯಿ. ಒಹಾಯೊ ಸ್ಟೇಟ್‌ನ ಸ್ಟೇಡಿಯಂ 1922ರಲ್ಲಿ ಕಟ್ಟಿದ್ದು, ಕುದುರೆ ಲಾಳದ ಆಕಾರ, ಒಂದು ಲಕ್ಷಕ್ಕೂ ಹೆಚ್ಚು ಜನ ಕೂರಬಹುದು. ನಮ್ಮ ತಿಪಟೂರು ಪಟ್ಟಣದ ಅಷ್ಟೂ ಜನರನ್ನ ಕೂರಿಸಿದರೂ ಇನ್ನೂ ಜಾಗ ಉಳಿಯುತ್ತೆ. ಅದೂ ಇಪ್ಪತ್ತು ವರ್ಷದ ಆಸುಪಾಸಿನ ಹುಡುಗರ ಆಟ ನೋಡೋಕೆ!

ಆಟದ ಹೆಸರು ಫುಟ್‌ಬಾಲ್, ಆದರೆ ಚೆಂಡಿಗೆ ಕಾಲು ತಾಗೋದೇ ಅಪರೂಪ. ನನಗೆ ಅರ್ಥವಾಗಿದ್ದು ಕಬಡ್ಡಿಯ ದಾರಿಯಲ್ಲೇ. ಒಂದು ಕಡೆ ಹನ್ನೊಂದು ಜನ. ಹತ್ತು ಗಜ ಮುಂದೆ ಹೋಗೋಕೆ ನಾಲ್ಕು ಪ್ರಯತ್ನ. ಹೋದರೆ ಮತ್ತೆ ನಾಲ್ಕು, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಹೀಗೆ ದಬ್ಬಿಕೊಂಡು, ಓಡಿಕೊಂಡು, ಎಸೆದುಕೊಂಡು ಕೊನೆಯ ಗೆರೆ ದಾಟಿದರೆ ಆರು ಪಾಯಿಂಟ್. ಇದೆಲ್ಲದರ ನಡುವೆ ಒಬ್ಬ ಇರ್ತಾನೆ, ಕ್ವಾರ್ಟರ್‌ಬ್ಯಾಕ್. ಚೆಂಡು ಮೊದಲು ಬರೋದು ಅವನ ಕೈಗೆ. ಗೂಳಿಯಂಥ ನಾಲ್ಕೈದು ಜನ ಮೈಮೇಲೆ ಬರ್ತಿರುವಾಗ ಎರಡು-ಮೂರು ಸೆಕೆಂಡಿನಲ್ಲಿ ಯಾರಿಗೆ ಕೊಡಬೇಕು, ಎಲ್ಲಿಗೆ ಎಸೀಬೇಕು, ತಾನೇ ಓಡಬೇಕಾ ಅಂತ ತೀರ್ಮಾನಿಸಬೇಕು. ನಮ್ಮ ಭಾಷೆಯಲ್ಲಿ ಆರ್ಕಿಟೆಕ್ಟೂ ಅವನೇ, ಪ್ರೊಡಕ್ಷನ್‌ಗೆ ಡಿಪ್ಲಾಯ್ ಮಾಡೋನೂ ಅವನೇ, ಕೆಟ್ಟರೆ ಬೈಸಿಕೊಳ್ಳೋನೂ ಅವನೇ.

ಆ ವರ್ಷ ಒಹಾಯೊ ಸ್ಟೇಟ್‌ನ ಕ್ವಾರ್ಟರ್‌ಬ್ಯಾಕ್ ಬ್ರ್ಯಾಕ್ಸ್‌ಟನ್ ಮಿಲ್ಲರ್. ಮೂರು ವರ್ಷದಿಂದ ಅವನೇ. ಊರಿನ ಕಣ್ಮಣಿ. ಸೀಸನ್ ಶುರುವಾಗೋಕೆ ಎರಡು ವಾರ ಕೂಡ ಇಲ್ಲ ಅನ್ನುವಾಗ, ಆಗಸ್ಟ್ ತಿಂಗಳ ಒಂದು ಮಾಮೂಲಿ ಅಭ್ಯಾಸದಲ್ಲಿ, ಮೊದಲೇ ಆಪರೇಷನ್ ಆಗಿದ್ದ ಅವನ ಭುಜ ಮತ್ತೆ ಹೋಯ್ತು. ಇಡೀ ಸೀಸನ್ ಆಡುವಂತಿಲ್ಲ. ಮಾರನೇ ದಿನ ನಮ್ಮ ಕ್ಲೈಂಟ್ ಆಫೀಸಿನಲ್ಲಿ ಸೂತಕದ ಮನೆಯ ಮೌನ. ಡೇಟಾಬೇಸ್ ಡೌನ್ ಆದಾಗಲೂ ಅಲ್ಲಿ ಅಷ್ಟು ಬೇಜಾರು ನಾನು ನೋಡಿರಲಿಲ್ಲ.

ಮಿಲ್ಲರ್ ಜಾಗಕ್ಕೆ ಬಂದವನು ಜೆ.ಟಿ. ಬ್ಯಾರೆಟ್. ಟೆಕ್ಸಾಸ್ ಕಡೆಯವನು, ಕಾಲೇಜು ಮಟ್ಟದಲ್ಲಿ ಅಲ್ಲಿಯವರೆಗೆ ಒಂದು ಪಂದ್ಯವನ್ನೂ ಆಡದವನು. ಮೊದಲ ಪಂದ್ಯ ನೇವಿ ವಿರುದ್ಧ, ಗೆದ್ದರು. ಎರಡನೆಯದು ಸೆಪ್ಟೆಂಬರ್ 6ರಂದು ಸ್ವಂತ ಮೈದಾನದಲ್ಲಿ ವರ್ಜೀನಿಯಾ ಟೆಕ್ ಎದುರು. ಬ್ಯಾರೆಟ್‌ನನ್ನ ಏಳು ಸಲ ಕೆಡವಿದರು, ಅವನು ಎಸೆದ ಮೂರು ಚೆಂಡು ಎದುರಾಳಿಗಳ ಕೈಗೆ ಹೋಯ್ತು. 35-21ಕ್ಕೆ ಸೋಲು. ಅಲ್ಲಿ ಒಂದು ಸೋಲು ಅಂದರೆ ಐಪಿಎಲ್‌ನ ಒಂದು ಸೋಲಿನ ಹಾಗಲ್ಲ. ಆಗ ನೂರಕ್ಕೂ ಹೆಚ್ಚು ಕಾಲೇಜುಗಳಲ್ಲಿ ಕೊನೆಗೆ ನಾಲ್ಕಕ್ಕೆ ಮಾತ್ರ ಪ್ಲೇಆಫ್ ಇತ್ತು. ಆ ನಾಲ್ಕನ್ನ ಆರಿಸ್ತಿದ್ದದ್ದು ಒಂದು ಕಮಿಟಿ, ಆ ಪದ್ಧತಿ ಶುರುವಾದದ್ದೂ ಅದೇ ವರ್ಷ. “ಈ ವರ್ಷದ ಕತೆ ಮುಗೀತು” ಅಂತ ಸೋಮವಾರ ಬೆಳಗ್ಗೆ ಕ್ಲೈಂಟ್ ಕಡೆಯ ಹಿರಿಯ ಮ್ಯಾನೇಜರ್ ಕಾಫಿ ಮಷಿನ್ ಹತ್ತಿರ ನನಗೆ ಹೇಳಿದರು, ನಾನೇನೋ ಅದಕ್ಕೆ ಸಂಬಂಧಪಟ್ಟವನು ಅನ್ನೋ ಹಾಗೆ.

ಮುಂದಿನ ಶನಿವಾರ ಕೆಂಟ್ ಸ್ಟೇಟ್ ಮ್ಯಾಚಿಗೆ ಯಾರೋ ಬೇಡ ಅಂದ ಟಿಕೆಟ್ ಸಿಕ್ಕಿತು, ಹೋದೆ. 66-0. ಅರ್ಧ ಆಟ ನನಗೆ ಅರ್ಥವಾಗಲಿಲ್ಲ. ಅರ್ಥವಾದದ್ದು ಗೆರೆಯಾಚೆ ನಿಂತವರು. ಆಡೋರು ಹನ್ನೊಂದು, ಹೆಲ್ಮೆಟ್ ಹಿಡಿದು ಅಂಚಿನಲ್ಲಿ ನಿಂತವರು ಎಷ್ಟೋ ಪಟ್ಟು. ಅವರಲ್ಲಿ ಎಷ್ಟೋ ಜನ ಇಡೀ ವರ್ಷ ಒಂದು ನಿಮಿಷ ಆಡಲ್ಲ. ಆದರೆ ಬೆಳಗ್ಗೆ ಎದ್ದು ವ್ಯಾಯಾಮ ಮಾಡಲೇಬೇಕು, ಮುಂದಿನ ವಾರದ ಎದುರಾಳಿ ಹೇಗೆ ಆಡ್ತಾನೋ ಹಾಗೆ ಅಭ್ಯಾಸದಲ್ಲಿ ಆಡಿ ತೋರಿಸಬೇಕು, ಆಡೋರ ಕೈಲಿ ಪೆಟ್ಟು ತಿನ್ನಬೇಕು. ನಮ್ಮ ಊರಿನ ರಾಜ್ಯೋತ್ಸವ ಕಬಡ್ಡಿಯಲ್ಲಿ ನಾನು ಮೂರು ವರ್ಷ ‘ಎಕ್ಸ್‌ಟ್ರಾ’ ಆಗಿದ್ದೆ. ಕೆಲಸ ಅಂದರೆ ಟವೆಲ್ ಹಿಡಿಯೋದು, ಗ್ಲೂಕೋಸ್ ಕಲಸೋದು. ಇಲ್ಲಿನ ಎಕ್ಸ್‌ಟ್ರಾಗಳ ಪಾಡು ನೋಡಿ ನಮ್ಮದೇ ಪರವಾಗಿಲ್ಲ ಅನ್ನಿಸ್ತು.

ಆಮೇಲೆ ಬ್ಯಾರೆಟ್ ನಿಧಾನಕ್ಕೆ ಕಳೆ ಕಟ್ಟಿದ. ಪೆನ್ ಸ್ಟೇಟ್ ಮೇಲೆ ಎರಡು ಓವರ್‌ಟೈಮ್ ಆಡಿ ಗೆದ್ದರು. ನವೆಂಬರ್ 8ಕ್ಕೆ ಮಿಷಿಗನ್ ಸ್ಟೇಟ್‌ನ ಅವರ ಊರಲ್ಲೇ 49-37ಕ್ಕೆ ಸೋಲಿಸಿದರು. ಮುಂದಿನ ವಾರ ಮಿನ್ನೆಸೋಟದ ಹಿಮದಲ್ಲಿ ಬ್ಯಾರೆಟ್ ಒಬ್ಬನೇ ಚೆಂಡು ಹಿಡಿದು 86 ಗಜ ಓಡಿದ. ಆ ಹೊತ್ತಿಗೆ ಮಿಲ್ಲರ್ ಹೆಸರು ಕಾಫಿ ಮಷಿನ್ ಹತ್ತಿರ ಕೇಳೋದೇ ನಿಂತಿತ್ತು. ಜನ ಎಷ್ಟು ಬೇಗ ಮರೀತಾರೆ ಅಂತ ಅನ್ನಿಸಿದ್ದು ನಿಜ.

ನವೆಂಬರ್ ಕೊನೆಯ ಶನಿವಾರ ಮಿಷಿಗನ್ ಜೊತೆ ಪಂದ್ಯ. ಇದು ಭಾರತ-ಪಾಕಿಸ್ತಾನದ ಥರ. ಆ ವಾರ ಒಹಾಯೊ ಸ್ಟೇಟ್ ಕ್ಯಾಂಪಸ್ಸಿನ ಬೋರ್ಡುಗಳಲ್ಲಿ ‘ಎಂ’ ಅಕ್ಷರ ಬಂದಲ್ಲೆಲ್ಲಾ ಕೆಂಪು ಟೇಪಿನ ಅಡ್ಡಗೆರೆ ಎಳೀತಾರೆ. ಆದರೆ ಆ ಸಲ ಊರಿನ ಮೇಲೆ ಬೇರೆಯದೇ ಮೋಡ. ಬೆಂಚಿನಲ್ಲಿದ್ದ, ಸ್ಕಾಲರ್‌ಶಿಪ್ ಇಲ್ಲದೆ ಟೀಮ್ ಸೇರಿದ್ದ ಕೊನೆ ವರ್ಷದ ಒಬ್ಬ ಹುಡುಗ ಬುಧವಾರದಿಂದ ಕಾಣೆಯಾಗಿದ್ದ. ತಲೆಗೆ ಬಿದ್ದ ಪೆಟ್ಟುಗಳಿಂದ ತಲೆ ಕೆಟ್ಟುಹೋಗಿದೆ ಅಂತ ಅಮ್ಮನಿಗೆ ಮೆಸೇಜ್ ಮಾಡಿದ್ದ ಅಂತ ಪೇಪರಿನಲ್ಲಿ ಬಂತು. ಊರೆಲ್ಲಾ ಹುಡುಕ್ತಿತ್ತು. ಪಂದ್ಯ ಮುಗಿದ ಮಾರನೇ ದಿನ ಭಾನುವಾರ ಆ ಹುಡುಗನ ಶವ ಸಿಕ್ಕಿತು.

ಪಂದ್ಯ ನಾನು ರೂಮಿನಲ್ಲಿ ಟಿವಿಯಲ್ಲೇ ನೋಡಿದೆ, ಡಬ್ಲಿನ್ ಅನ್ನೋ ಉಪನಗರದ ನಮ್ಮ ಅಪಾರ್ಟ್‌ಮೆಂಟಿನಲ್ಲಿ, ಇಬ್ಬರು ತೆಲುಗು ರೂಮ್‌ಮೇಟುಗಳ ಜೊತೆ. ನಾಲ್ಕನೇ ಕ್ವಾರ್ಟರ್ ಶುರುವಾದ ಕೂಡಲೇ ಬ್ಯಾರೆಟ್ ಬಿದ್ದ. ಏಳಲಿಲ್ಲ. ಬಲಗಾಲಿನ ಹರಡು ಮುರಿದಿತ್ತು. ಒಂದು ಲಕ್ಷ ಜನ ಗಪ್‌ಚುಪ್. ಆಗ ಮಿಷಿಗನ್‌ನ ಕ್ವಾರ್ಟರ್‌ಬ್ಯಾಕ್ ಡೆವಿನ್ ಗಾರ್ಡ್‌ನರ್ ಆಚೆ ಕಡೆಯಿಂದ ನಡೆದು ಬಂದು, ನೆಲದ ಮೇಲಿದ್ದ ಬ್ಯಾರೆಟ್ ಪಕ್ಕ ಮಂಡಿಯೂರಿ ಕೂತು ಏನೋ ಹೇಳಿದ. ಇಡೀ ವರ್ಷದ ಅಷ್ಟೂ ಪಂದ್ಯದಲ್ಲಿ ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿರೋದು ಅದೊಂದೇ. ಗೆದ್ದ ಸ್ಕೋರು 42-28 ಅನ್ನೋದನ್ನ ಬರೆಯುವಾಗ ಹುಡುಕಬೇಕಾಯ್ತು, ಇದನ್ನ ಹುಡುಕಬೇಕಾಗಲಿಲ್ಲ.

ಈಗ ಮೂರನೆಯವನ ಸರದಿ. ಕಾರ್ಡೇಲ್ ಜೋನ್ಸ್. ಕ್ಲೀವ್‌ಲೆಂಡಿನವನು, ಆರೂವರೆ ಅಡಿ ಹತ್ತಿರದ ಆಳು, ಕೈಯೋ ಕವಣೆಯೋ ಅನ್ನೋ ಹಾಗೆ ಎಸೀತಿದ್ದ. ಅವನು ಅಲ್ಲಿಯವರೆಗೆ ಊರಿಗೆ ಗೊತ್ತಿದ್ದದ್ದು ಆಟದಿಂದ ಅಲ್ಲ, 2012ರಲ್ಲಿ ಮಾಡಿದ ಒಂದು ಟ್ವೀಟಿನಿಂದ. ನಾವು ಬಂದಿರೋದು ಫುಟ್‌ಬಾಲ್ ಆಡೋಕೆ, ಕ್ಲಾಸಿಗೆ ಯಾಕೆ ಹೋಗಬೇಕು, ಕ್ಲಾಸೆಲ್ಲಾ ವ್ಯರ್ಥ ಅನ್ನೋ ಅರ್ಥದ್ದು. ದೇಶವೆಲ್ಲಾ ನಕ್ಕಿತ್ತು. 2014ರ ಬೇಸಿಗೆಗೆ ಮುಂಚೆ ಎರಡನೇ ಜಾಗ ಇವನದೇ ಇತ್ತು, ಬ್ಯಾರೆಟ್ ಬಂದು ಹಿಂದಿಕ್ಕಿದ. ಇಡೀ ಸೀಸನ್ನಿನಲ್ಲಿ ಅವನಿಗೆ ಸಿಕ್ಕಿದ್ದು ಆಗಲೇ ಗೆದ್ದಾಗಿರೋ ಪಂದ್ಯಗಳ ಕೊನೆಯ ಕೆಲವು ನಿಮಿಷ. ಅಂಥವನಿಗೆ ಮೊದಲ ಪೂರ್ಣ ಪಂದ್ಯ ಯಾವುದು? ಡಿಸೆಂಬರ್ 6ರ ಬಿಗ್ ಟೆನ್ ಫೈನಲ್, ವಿಸ್ಕಾನ್ಸಿನ್ ಎದುರು. ತಯಾರಿಗೆ ಒಂದೇ ವಾರ, ಅದರಲ್ಲೂ ಟೀಮಿನ ಒಬ್ಬ ಹುಡುಗನ ಸಾವಿನ ವಾರ. ಪಂದ್ಯದ ಮೊದಲು ಜಾಣರೆಲ್ಲಾ ವಿಸ್ಕಾನ್ಸಿನ್ ಅಂದಿದ್ದರು.

59-0. ಜೋನ್ಸ್ ಹದಿನೇಳು ಸಲ ಎಸೆದ, ಹನ್ನೆರಡು ಸಲ ಸರಿಯಾದ ಕೈಗೆ ಹೋಯ್ತು, ಮೂರು ಟಚ್‌ಡೌನ್. ಆದರೆ ಆ ಸೊನ್ನೆ ತಂದುಕೊಟ್ಟವರು ಡಿಫೆನ್ಸ್‌ನವರು. ಅವರ ಹಿರಿಯಾಳು ಮೈಕಲ್ ಬೆನೆಟ್ ತನ್ನ 63ನೇ ನಂಬರಿನ ಜರ್ಸಿ ಬಿಟ್ಟು, ಸತ್ತ ಹುಡುಗನ 53 ತೊಟ್ಟು ಆಡಿದ. ಆ ಹುಡುಗ ಬದುಕಿದ್ದಾಗ ಆ ನಂಬರನ್ನ ಇಷ್ಟು ಜನ ನೋಡಿರಲಿಲ್ಲ.

ಮಾರನೇ ದಿನ ಕಮಿಟಿ ಕೂತು ಒಹಾಯೊ ಸ್ಟೇಟ್‌ಗೆ ನಾಲ್ಕನೇ ಜಾಗ ಕೊಟ್ಟಿತು. ಮೂರನೇ ಸ್ಥಾನದಲ್ಲಿದ್ದ ಟೆಕ್ಸಾಸ್‌ನ ಟಿಸಿಯು ಕಾಲೇಜು ತನ್ನ ಕೊನೆಯ ಪಂದ್ಯವನ್ನ 55-3ಕ್ಕೆ ಗೆದ್ದೂ ಆರಕ್ಕೆ ಇಳಿಯಿತು. ನಮ್ಮ ಅಪ್ರೈಸಲ್ ರೇಟಿಂಗ್ ಕೂಡ ಹೀಗೇ ಅಲ್ವಾ ಅಂದುಕೊಂಡೆ. ಮೇಲೆ ಎಷ್ಟು ಜನಕ್ಕೆ ಜಾಗ ಅಂತ ಮೊದಲೇ ತೀರ್ಮಾನ ಆಗಿರುತ್ತೆ, ಚೆನ್ನಾಗಿ ಮಾಡಿದವನನ್ನೂ ಕೆಳಗೆ ಇಳಿಸಲೇಬೇಕು.

ಹೊಸ ವರ್ಷದ ದಿನ ನ್ಯೂ ಆರ್ಲಿಯನ್ಸ್‌ನಲ್ಲಿ ಅಲಬಾಮಾ. ನಂಬರ್ ಒನ್ ಟೀಮು. 21-6ರಿಂದ ಹಿಂದೆ ಬಿದ್ದು, ಕೊನೆಗೆ 42-35ಕ್ಕೆ ಗೆದ್ದರು. ಓಟಗಾರ ಎಜೆಕಿಯಲ್ ಎಲಿಯಟ್ ಕೊನೆಯ ಹಂತದಲ್ಲಿ 85 ಗಜ ಓಡಿದಾಗ ನಮ್ಮ ಕೆಳಗಿನ ಮನೆಯವರು ಸೂರಿಗೆ ಏನೋ ಎಸೆದ ಸದ್ದು ಬಂತು. ಜನವರಿ 12ಕ್ಕೆ ಟೆಕ್ಸಾಸ್‌ನಲ್ಲಿ ಫೈನಲ್, ಓರೆಗನ್ ಮೇಲೆ 42-20. ಎದುರಿಗಿದ್ದ ಕ್ವಾರ್ಟರ್‌ಬ್ಯಾಕ್ ಮಾರ್ಕಸ್ ಮಾರಿಯೋಟ ಆ ವರ್ಷದ ಅತಿ ದೊಡ್ಡ ಪ್ರಶಸ್ತಿ ಹೈಸ್‌ಮನ್ ಗೆದ್ದವನು. ಇವನೋ, ಜೀವನದ ಮೂರನೇ ಪಂದ್ಯ ಶುರು ಮಾಡಿದವನು. ಆ ರಾತ್ರಿ ಕೊರೆಯೋ ಚಳಿಯಲ್ಲಿ ಕೊಲಂಬಸ್‌ನ ಹೈ ಸ್ಟ್ರೀಟ್ ತುಂಬಿ ಹೋಯ್ತು. ಹುಡುಗರು ಸ್ಟೇಡಿಯಂಗೆ ನುಗ್ಗಿ ಗೋಲ್‌ಪೋಸ್ಟ್ ಉರುಳಿಸಿದರು, ಪೊಲೀಸರು ಅಶ್ರುವಾಯು ಬಿಟ್ಟರು. ನಾನು ಹೋಗಲಿಲ್ಲ, ಬೆಳಗಿನ ಜಾವ ರಿಲೀಸ್ ಇತ್ತು. ಕಾಲ್‌ನ ಆ ತುದಿಯಲ್ಲಿ ನನ್ನ ಗೆಳೆಯ. “ಏನ್ ಗಲಾಟೆ ಅದು?” ಅಂದ. ಕಿಟಕಿ ಮುಚ್ಚಿ ಬಂದೆ.

ಆ ಭಾನುವಾರ ಊರಿಗೆ ಫೋನ್ ಮಾಡಿದಾಗ ಅಪ್ಪನಿಗೆ ಇದನ್ನೆಲ್ಲಾ ಹೇಳಿದೆ. ಅವರಿಗೆ ಹಿಡಿಸಿದ್ದು ಒಂದೇ ಪ್ರಶ್ನೆ: “ಅಷ್ಟ್ ಜನ ನೋಡಾಕ್ ಬತ್ತಾರಲ್ಲ, ಆ ಹುಡುಗ್ರಿಗೆ ಎಷ್ಟ್ ಕೊಡ್ತಾರ್ಲಾ?” ಏನೂ ಕೊಡಲ್ಲಪ್ಪ, ಫೀಸು, ಊಟ, ರೂಮು ಅಷ್ಟೇ ಅಂದೆ. ಕೋಚ್‌ಗೆ ಕೋಟಿಗಟ್ಟಲೆ, ಟಿವಿಯವರಿಗೆ ಅದರ ಎಷ್ಟೋ ಪಟ್ಟು, ಆಡೋ ಹುಡುಗನಿಗೆ ಆಗ ಸಂಬಳ ಇರಲಿಲ್ಲ. ಇದೇ ಕಾಲೇಜಿನ ಹುಡುಗರು ಕೆಲವು ವರ್ಷ ಮೊದಲು ತಮಗೆ ಸಿಕ್ಕಿದ್ದ ಆಟದ ಸಾಮಾನು ಕೊಟ್ಟು ಹಚ್ಚೆ ಹಾಕಿಸಿಕೊಂಡಿದ್ದು ದೊಡ್ಡ ಹಗರಣವಾಗಿತ್ತು. 2011ರಲ್ಲಿ ಕೋಚ್ ರಾಜೀನಾಮೆ ಕೊಟ್ಟರು. 2012ರಲ್ಲಿ ಹನ್ನೆರಡಕ್ಕೆ ಹನ್ನೆರಡು ಗೆದ್ದರೂ ಆ ಟೀಮು ಮುಂದಿನ ಹಂತ ಆಡುವಂತಿರಲಿಲ್ಲ. ಹುಡುಗರು ತಮ್ಮ ಹೆಸರಿನಿಂದ ಕಾಸು ಮಾಡಬಹುದು ಅಂತ ನಿಯಮ ಬದಲಾಗಿದ್ದು 2021ರಲ್ಲಿ. “ಬಿಟ್ಟಿ ಚಾಕ್ರಿ” ಅಂದು ಅಪ್ಪ ತೋಟದ ಪಂಪಿನ ವಿಷಯಕ್ಕೆ ಹೋದರು.

ಜೋನ್ಸ್ ಮಾತ್ರ ಫೈನಲ್ ಗೆದ್ದ ಮೂರೇ ದಿನಕ್ಕೆ ಪತ್ರಿಕಾಗೋಷ್ಠಿ ಕರೆದ. ಮೂರು ಪಂದ್ಯ ಆಡಿದವನು ಕೋಟಿ ಸಂಬಳದ ಎನ್‌ಎಫ್‌ಎಲ್‌ಗೆ ಹೋಗ್ತಾನೆ ಅಂತ ಎಲ್ಲರೂ ಕಾದಿದ್ದರು. ಅವನು ಓದು ಮುಗಿಸೋಕೆ ಕಾಲೇಜಿಗೆ ವಾಪಸ್ ಹೋಗ್ತೀನಿ ಅಂದ. ಆಮೇಲೆ ಎನ್‌ಎಫ್‌ಎಲ್‌ಗೆ ಹೋದ, ಅಲ್ಲೂ ಹೆಚ್ಚಾಗಿ ಬೆಂಚೇ. ಆದರೆ 2017ರಲ್ಲಿ ಡಿಗ್ರಿ ತಗೊಂಡ. ಪದವಿಯ ಟೋಪಿಯ ಮೇಲೆ ತನ್ನದೇ ಆ ಹಳೇ ಟ್ವೀಟನ್ನ ನೆನಪಿಸೋ ಸಾಲು ಬರೆಸಿಕೊಂಡಿದ್ದ. ಬ್ಯಾಕ್ ಪೇಪರ್ ಕಟ್ಟಿ ಬಿಇ ಮುಗಿಸಿದವರಿಗೆ ಆ ಫೋಟೋ ನೋಡಿದರೆ ಏನನ್ನಿಸುತ್ತೆ ಅಂತ ನಾನು ಹೇಳಬೇಕಿಲ್ಲ.

ನಾನು ಬೆಂಗಳೂರಿಗೆ ವಾಪಸ್ ಬಂದು ವರ್ಷಗಳಾದವು. ಮೊನ್ನೆ ನಮ್ಮ ಕಂಪನಿಯ ಟೌನ್‌ಹಾಲ್ ಮೀಟಿಂಗಿನಲ್ಲಿ ದೊಡ್ಡ ಪರದೆ ಮೇಲೆ ಜೋನ್ಸ್ ಫೋಟೋ ಬಂತು. ಮೂರನೇ ನಂಬರಿನ ಹುಡುಗ, ಸದಾ ತಯಾರಾಗಿದ್ದ, ಅವಕಾಶ ಬಂತು, ಗೆದ್ದ. ನೀವೂ ತಯಾರಾಗಿರಿ. ಬೆಂಚನ್ನ ಅವಕಾಶ ಅಂದುಕೊಳ್ಳಿ. ಚಪ್ಪಾಳೆ. ಸ್ಲೈಡಿನಲ್ಲಿ ಮಿಲ್ಲರ್ ಇರಲಿಲ್ಲ, ಬ್ಯಾರೆಟ್ ಇರಲಿಲ್ಲ. ಅವಕಾಶ ಅನ್ನೋದು ಬಸ್ಸಿನ ಥರ ತಾನಾಗಿ ಬಂದು ನಿಂತ ಹಾಗಿತ್ತು ಕತೆ. ಒಂದು ಭುಜ, ಒಂದು ಕಾಲು ಹೋಗದೇ ಇದ್ದಿದ್ದರೆ ಅದೇ ಜೋನ್ಸ್, ಅಷ್ಟೇ ತಯಾರಿ, ಅಷ್ಟೇ ಬಲದ ಕೈ ಇಟ್ಟುಕೊಂಡು, ಟ್ವೀಟಿನ ಹುಡುಗನಾಗಿಯೇ ಉಳೀತಿದ್ದ. ತಯಾರಿ ಸುಳ್ಳು ಅಂತ ನಾನು ಹೇಳ್ತಿಲ್ಲ. ತಯಾರಾಗಿದ್ದೂ ಸರದಿ ಬಾರದವರ ಫೋಟೋ ಯಾರೂ ಪರದೆ ಮೇಲೆ ಹಾಕಲ್ಲ, ಅಷ್ಟೇ.

ಪಕ್ಕದಲ್ಲಿ ನನ್ನ ಗೆಳೆಯ ಕೂತಿದ್ದ. ವೀಸಾ ಆಗದ ಅವನೇ. ಮತ್ತೆ ಎರಡು ಸಲ ಅವನ ಹೆಸರು ಹೋಯ್ತು. ಒಮ್ಮೆ ಪ್ರಾಜೆಕ್ಟೇ ನಿಂತಿತು, ಇನ್ನೊಮ್ಮೆ ಅವನ ತಾಯಿಗೆ ಹುಷಾರಿರಲಿಲ್ಲ. ಆ ವಿಷಯ ನಮ್ಮ ಮಧ್ಯೆ ಬರಲ್ಲ. ನನ್ನ ಊರಿನ ಮನೆಗೆ ಆರ್‌ಸಿಸಿ ಬಿದ್ದದ್ದು ಕೊಲಂಬಸ್‌ನ ದುಡ್ಡಿನಿಂದ ಅಂತ ಅವನಿಗೆ ಗೊತ್ತು. ಗೃಹಪ್ರವೇಶಕ್ಕೆ ಹೆಂಡತಿ, ಮಗಳ ಜೊತೆ ಬಂದು ಎಲ್ಲರಿಗೂ ತಾನೇ ಪಾಯಸ ಬಡಿಸಿದವನು.

ಮೀಟಿಂಗ್ ಮುಗಿದ ಮೇಲೆ ಗೇಟಿನಾಚೆ ಟೀಗೆ ಹೋದೆವು.

“ನೀನು ಅಲ್ಲೇ ಇದ್ಯಲ್ಲ ಆಗ. ಮಿಕ್ಕಿದ್ದವ್ರು ಏನಾದ್ರು?” ಅಂದ.

ಹೇಳಿದೆ. ಮಿಲ್ಲರ್‌ನ ಭುಜ ಮೊದಲಿನ ಹಾಗಾಗಲಿಲ್ಲ. ಅವನು ಮತ್ತೆ ಕ್ವಾರ್ಟರ್‌ಬ್ಯಾಕ್ ಆಗಲೇ ಇಲ್ಲ. ಮುಂದಿನ ವರ್ಷ ಚೆಂಡು ಹಿಡಿಯೋ ಜಾಗಕ್ಕೆ ಬದಲಾಗಿ, ಹೊಸದಾಗಿ ಕಲಿತು ಆಡಿದ, ಅದೇ ಜಾಗಕ್ಕೆ ಎನ್‌ಎಫ್‌ಎಲ್‌ಗೂ ಹೋದ. ಬ್ಯಾರೆಟ್ ಕಾಲು ವಾಸಿಯಾಗಿ ಬಂದ. 2015ರಲ್ಲಿ ಮೊದಲು ಜೋನ್ಸ್‌ಗೇ ಜಾಗ ಕೊಟ್ಟರು, ಅಕ್ಟೋಬರ್ ಹೊತ್ತಿಗೆ ಬ್ಯಾರೆಟ್ ಅದನ್ನ ವಾಪಸ್ ತಗೊಂಡ. 2017ರವರೆಗೆ ಆಡಿದ, ಮೂರು ಸಲ ಕ್ಯಾಪ್ಟನ್ ಆದ, ಕಾಲೇಜಿನ ಎಷ್ಟೋ ದಾಖಲೆಗಳನ್ನ ಮುರಿದ. ಆದರೂ ಎನ್‌ಎಫ್‌ಎಲ್ ಆಯ್ಕೆಯಲ್ಲಿ ಅವನ ಹೆಸರು ಯಾರೂ ಕೂಗಲಿಲ್ಲ. ಆಮೇಲೆ ಕೋಚಿಂಗ್‌ಗೆ ಇಳಿದ, ಈಗ ಬೇರೆಯವರಿಗೆ ಹೇಳಿಕೊಡ್ತಾನೆ.

“ಹೇಳ್ಕೊಡೋನಾದ್ನಾ,” ಅಂತ ಅವನು ನಕ್ಕ. ಸ್ವಲ್ಪ ಹೊತ್ತು ಬಿಟ್ಟು ಕೇಳಿದ: “ಗೆದ್ದೋರಿಗೆ ಉಂಗುರ ಕೊಡ್ತಾರಂತಲ್ಲ ಅಲ್ಲಿ. ಕಾಲು ಮುರ್ಕೊಂಡೋನಿಗೂ ಕೊಟ್ರಾ?”

“ಕೊಟ್ರು.”

“ಭುಜದೋನಿಗೆ?”

“ಅವನಿಗೂ.”

“ಹಂಗಾದ್ರೆ ಸರಿ,” ಅಂದು ಲೋಟ ಇಟ್ಟ. ಟೀ ದುಡ್ಡು ಅವನೇ ಕೊಟ್ಟ. ಮೂರು ಗಂಟೆಗೆ ಅವನಿಗೆ ಕಾಲ್ ಇತ್ತು, ಹೊಸದಾಗಿ ಆನ್‌ಸೈಟ್ ಹೋಗಿರೋ ಒಬ್ಬ ಹುಡುಗನ ಜೊತೆ.